ಕೋಸ್ ಮಿನಾರ್ ದಾಟಿದ ಅಡಿಕೆ ಲಾರಿ

ದಾವಣಗೆರೆ ಕಡೆಯ ಲಾರಿ ಅದು. ದೆಹಲಿಯಲ್ಲಿ ಅಡಿಕೆ ಇಳಿಸಿ, ವಾಪಸ್ ಲೋಡಿಗೆಂದು ಲೂಧಿಯಾನಕ್ಕೆ ಖಾಲಿ ಹೊರಟಿತ್ತು. ನನಗೂ ಅಲ್ಲೇ ಕೆಲಸ. ಡ್ರೈವರ್ ಅಣ್ಣನ ಪಕ್ಕ ಹತ್ತಿ ಕೂತೆ.

ಪಾಣಿಪತ್, ಕರ್ನಾಲ್, ಅಂಬಾಲಾ ಮೇಲೆ ಹೋಗುವ ಈ ಹೆದ್ದಾರಿ ಹೆಚ್ಚುಕಡಿಮೆ ಹಳೆಯ ಗ್ರ್ಯಾಂಡ್ ಟ್ರಂಕ್ ರಸ್ತೆಯೇ. ಜನ ಈಗಲೂ ‘ಜಿ.ಟಿ. ರೋಡ್’ ಅಂತಾರೆ. ನಂಬರ್ ಮಾತ್ರ 44. ಅದೇ 44 ನಮ್ಮ ಚಿಕ್ಕಬಳ್ಳಾಪುರ, ಬೆಂಗಳೂರಿನ ಮೇಲೆ ಕನ್ಯಾಕುಮಾರಿಗೂ ಹೋಗುತ್ತದೆ.

ಕರ್ನಾಲ್ ಸಮೀಪ ಒಂದು ಕೋಸ್ ಮಿನಾರ್ ತೋರಿಸಿದೆ. ಸುಮಾರು 30 ಅಡಿ ಎತ್ತರದ ಇಟ್ಟಿಗೆ ಕಂಬ. ಬುಡ ಎಂಟು ಮೂಲೆ, ಮೇಲೆ ದುಂಡಗೆ. ಮೊಗಲರ ಕಾಲದಲ್ಲಿ ಕೋಸಿಗೊಂದು, ಅಂದರೆ ಸುಮಾರು 3 ಕಿಲೋಮೀಟರಿಗೊಂದು ಇಂಥದ್ದು ಇರುತ್ತಿತ್ತು.

“ಕಿಲೋಮೀಟರ್ ಕಲ್ಲು ಇಷ್ಟು ದೊಡ್ಡದಾ?” ಅಂತ ನಕ್ಕರು ಅಣ್ಣ.

1540ರಿಂದ 1545ರವರೆಗೆ ಆಳಿದ ದೊರೆ ಶೇರ್ ಶಾ ಈ ದಾರಿಯುದ್ದಕ್ಕೂ ಎರಡೆರಡು ಕೋಸಿಗೆ ‘ಸರಾಯ್’, ಅಂದರೆ ಪ್ರಯಾಣಿಕರ ತಂಗುದಾಣ, ಕಟ್ಟಿಸಿದ್ದ. ಬಂದವರಿಗೆ ನೀರು, ಊಟ, ಮಲಗಲು ಮಂಚ. ದನ, ಕುದುರೆಗೆ ಮೇವು. ಹಿಂದೂಗಳಿಗೂ ಮುಸ್ಲಿಮರಿಗೂ ಬೇರೆ ಬೇರೆ ಕೋಣೆ. ಇದನ್ನು ಹೇಳಿದಾಗ ಅಣ್ಣ ಕೇಳಿದ್ದು ಒಂದೇ: “ರಾತ್ರಿ ಕಾವಲು ಇತ್ತಾ?”

ಯಾಕೆ ಕೇಳಿದರು ಅಂತ ಆಮೇಲೆ ತಿಳಿಯಿತು. ಧಾಬಾದಲ್ಲಿ ನಿಂತಾಗ ಅವರು ಮೊದಲು ಮಾಡಿದ್ದು ಊಟವಲ್ಲ. ಕಬ್ಬಿಣದ ರಾಡ್ ಹಿಡಿದು ಒಂದೊಂದೇ ಟೈರಿಗೆ ಬಡಿದು ಸದ್ದು ಕೇಳಿದರು. ಡೀಸೆಲ್ ಟ್ಯಾಂಕಿನ ಬೀಗ ಎಳೆದು ನೋಡಿದರು. ಮತ್ತೆ ಅದೇ ಬೀಗ ಕಾಣುವ ಹಾಗೆ ಹಗ್ಗದ ಮಂಚ ತಿರುಗಿಸಿಕೊಂಡು ರೊಟ್ಟಿ, ದಾಲ್ ತಿಂದರು. ನಿದ್ದೆ ಬಂದರೂ ಡೀಸೆಲ್ ಕಳ್ಳರ ಭಯ ಬಿಡಲ್ವಂತೆ. ಈಗ ರಸ್ತೆ ನುಣ್ಣಗಿದೆ, ಟೋಲ್ ತಾನಾಗೇ ಕಟ್ ಆಗುತ್ತದೆ. ಆದರೆ ಲಾರಿಯವನು ಎಲ್ಲಿ ಮಲಗಬೇಕು ಅನ್ನೋದು ಅವನ ತಲೆನೋವು. ಈ ವಿಷಯದಲ್ಲಿ ಶೇರ್ ಶಾನೇ ವಾಸಿ ಅಂತ ನನಗನ್ನಿಸಿತು.

ಅಂಬಾಲಾ ದಾಟಿ ಶಂಭು ಬಂತು. ಅಲ್ಲಿ ಮೊಗಲರ ಕಾಲದ ಸರಾಯ್ ಇನ್ನೂ ಉಳಿದಿದೆ. ಕತ್ತಲಲ್ಲಿ ನಮಗೆ ಏನೂ ಕಾಣಲಿಲ್ಲ. ಅಣ್ಣನ ಕಣ್ಣು ಎಳೆಯುತ್ತಿತ್ತು. ಮುಂದೆ ಸಿಕ್ಕ ಪೆಟ್ರೋಲ್ ಬಂಕಿಗೆ ಲಾರಿ ತಿರುಗಿಸಿದರು. ಹುಡುಗ ಓಡಿ ಬಂದು, ಡೀಸೆಲ್ ಹಾಕಿಸಿದರೆ ಮಾತ್ರ ನಿಲ್ಲಿಸಿ ಅಂದ. ಟ್ಯಾಂಕ್ ಅರ್ಧಕ್ಕಿಂತ ಜಾಸ್ತಿಯೇ ತುಂಬಿತ್ತು. ಆದರೂ ಎರಡು ಸಾವಿರಕ್ಕೆ ಹಾಕಿಸಿದರು.

“ರೂಂ ಬಾಡಿಗೆ ಅನ್ಕೊಳ್ಳಿ ಸರ್,” ಅಂತ ಸೀಟಿನ ಹಿಂದೆ ಕಾಲು ಚಾಚಿದರು.