ಪೆದ್ರೋ ಕಡೆಯವರು, ಹೋರ್ಹೆ ಕಡೆಯವರು

ಮೆಕ್ಸಿಕೋ ಸಿಟಿಗೆ ಹೋದವರೆಲ್ಲ ತಿಯೋತಿವಾಕಾನ್ ಪಿರಮಿಡ್ಡು, ಫ್ರೀದಾ ಕಾಲೋಳ ನೀಲಿ ಮನೆ, ಶೋಚಿಮಿಲ್ಕೋದ ಬಣ್ಣದ ದೋಣಿ ಅಂತ ಬರೆದೇ ಬರೆಯುತ್ತಾರೆ. ನಾನೂ ನೋಡಿದೆ, ಚೆನ್ನಾಗಿವೆ. ನನಗೆ ಹೇಳಬೇಕು ಅನ್ನಿಸಿರುವುದು ಒಂದು ಸ್ಮಶಾನದ ಬಗ್ಗೆ.

ಅಲ್ಲಿ ಕೆಲಸದಲ್ಲಿರುವ ಅಕ್ಕನ ಮಗಳು, "ಮಾಮ, ನಾಳೆ ಏಪ್ರಿಲ್ 15. ಪೆದ್ರೋ ಇನ್ಫಾಂತೆ ತೀರಿಕೊಂಡ ದಿನ. ಪಾಂತೆಯೋನ್ ಹಾರ್ದಿನ್ ಸ್ಮಶಾನಕ್ಕೆ ಹೋಗೋಣ್ವಾ?" ಅಂದಳು. 1957ರಲ್ಲಿ ಸತ್ತ ಗಾಯಕ-ನಟನಿಗೆ ಈಗ ಯಾರು ಬರ್ತಾರೆ ಅಂದುಕೊಂಡೇ ಹೊರಟೆ.

ಮೊದಲು ಒಂದು ಎಚ್ಚರಿಕೆ. ನಟರ ಸಮಾಧಿ ಅಂತ ಹೇಳಿದ್ದಕ್ಕೆ ಟ್ಯಾಕ್ಸಿಯವನು ನಮ್ಮನ್ನು ದೊಲೋರೆಸ್ ಸ್ಮಶಾನದ ಬಾಗಿಲಲ್ಲಿ ಇಳಿಸಿ ಹೋಗಿಬಿಟ್ಟ. ದೇಶದ ದೊಡ್ಡ ದೊಡ್ಡವರೆಲ್ಲ ಅಲ್ಲಿದ್ದಾರೆ, ನಟಿ ದೊಲೋರೆಸ್ ದೆಲ್ ರಿಯೋ ಕೂಡ. ಪೆದ್ರೋ ಮಾತ್ರ ಇಲ್ಲ! ಮತ್ತೆ ಟ್ಯಾಕ್ಸಿ, ಮತ್ತೆ ದುಡ್ಡು, ಮತ್ತೆ ಆ ದರಿದ್ರ ಟ್ರಾಫಿಕ್ಕು. ನೀವು ಹೋಗುವುದಾದರೆ ಮೆಟ್ರೋದಲ್ಲಿ ಬರ್ರಾಂಕಾ ದೆಲ್ ಮುಯೆರ್ತೋ ತನಕ ಹೋಗಿ, ಅಲ್ಲಿಂದ ಗಾಡಿ ಹಿಡಿಯಿರಿ. ಸ್ಮಶಾನದ ಹೆಸರು ಚೀಟಿಯಲ್ಲಿ ಬರೆದು ತೋರಿಸಿ. ಟೋಪಿ ಮರೀಬೇಡಿ. ಸುಮಾರು 2,240 ಮೀಟರ್ ಎತ್ತರದ ಊರು, ಬಿಸಿಲು ನೆತ್ತಿ ಸುಡುತ್ತೆ.

ಗೇಟಿನ ಹತ್ತಿರವೇ ತುತ್ತೂರಿ ಕೇಳಿಸಿತು. ಒಳಗೆ ಸ್ಮಶಾನದ ಲಕ್ಷಣವೇ ಇಲ್ಲ, ಊರಜಾತ್ರೆ. ಮರಿಯಾಚಿ ಮೇಳದವರು ಪಿಟೀಲು, ಗಿಟಾರ್ ಹಿಡಿದು ನಿಂತಿದ್ದರು. ಅವರ ಪ್ಯಾಂಟಿನ ಪಕ್ಕಕ್ಕೆ ಸೊಂಟದಿಂದ ಕಾಲಿನವರೆಗೂ ಬೆಳ್ಳಿ ಬಣ್ಣದ ಗುಂಡಿ. ಸಮಾಧಿ ಹೂವಿನಡಿ ಮುಚ್ಚಿಹೋಗಿತ್ತು. ಬೈಕಿನ ಮೇಲೆ ಟ್ರಾಫಿಕ್ ಪೊಲೀಸರೂ ಬಂದಿದ್ದರು. 1951ರ 'ಅ ತೋದಾ ಮಾಕಿನಾ' ಚಿತ್ರದಲ್ಲಿ ಪೆದ್ರೋ ಅವರ ದಳದವನಾಗಿ ನಟಿಸಿದ್ದ, ಅಂದಿನಿಂದ ಅವನು ಅವರವನೇ. ಅಣ್ಣಾವ್ರ ಸಮಾಧಿಯ ಮುಂದೆ ಜನ ಸೇರುವುದನ್ನು ಕಂಡ ನನಗೂ ಇದು ಹೊಸದು. ಅಳುವವರಿಗಿಂತ ಹಾಡುವವರೇ ಜಾಸ್ತಿ.

ನೆರಳಿಗೆ ಅಂತ ಕೂತಲ್ಲಿ ಒಬ್ಬ ಅಜ್ಜಿ ಸಿಕ್ಕರು. ಬುಟ್ಟಿಯಲ್ಲಿ ತಮಾಲೆ ಇತ್ತು. ಮೆಕ್ಕೆಜೋಳದ ಸಿಪ್ಪೆ ಬಿಡಿಸಿ ಒಂದನ್ನು ನನ್ನ ಕೈಗಿಟ್ಟರು. ಒಳಗೆ ಮೆತ್ತಗಿನ ಮೆಕ್ಕೆಜೋಳದ ಹಿಟ್ಟು, ಹಸಿಮೆಣಸಿನಕಾಯಿ, ಚೀಸು. ಆ ಊರಲ್ಲಿ ತಿಂದದ್ದರಲ್ಲೆಲ್ಲ ಅದೇ ಹೆಚ್ಚು ರುಚಿ. ದೊಡ್ಡ ಹೋಟೆಲಿನ ಮೋಲೆ ಸಾರು ನನಗೆ ಸೇರಲಿಲ್ಲ.

"ಅವನಲ್ಲಿ ಅಂಥದ್ದೇನಿತ್ತು?" ಅಂತ ಅಕ್ಕನ ಮಗಳ ಕೈಲಿ ಕೇಳಿಸಿದೆ.

"ಅವನು ಬಡಗಿ ಕಣಮ್ಮ" ಅಂದರು ಅಜ್ಜಿ.

ನಿಜವೇ. ಮಸಾತ್ಲಾನ್‌ನಲ್ಲಿ 1917ರಲ್ಲಿ ಹುಟ್ಟಿ ಗ್ವಾಮೂಚಿಲ್‌ನಲ್ಲಿ ಬೆಳೆದ ಹುಡುಗ ಮರಗೆಲಸ ಕಲಿತಿದ್ದ, ತನ್ನ ಗಿಟಾರನ್ನು ತಾನೇ ಮಾಡಿಕೊಂಡಿದ್ದ. ನಿರ್ದೇಶಕ ಇಸ್ಮಾಯೆಲ್ ರೊದ್ರಿಗೆಸ್ 1948ರ 'ನೊಸೊತ್ರೋಸ್ ಲೋಸ್ ಪೊಬ್ರೆಸ್' ಸಿನಿಮಾ ತೆಗೆದಾಗ ಅವನಿಗೆ ಕೊಟ್ಟದ್ದು ಬಡಗಿಯದೇ ಪಾತ್ರ, ಮಾಡದ ತಪ್ಪಿಗೆ ಜೈಲು ಸೇರುವ ಪೆಪೆ ಎಲ್ ತೋರೋ. "ಉಳಿ ಹಿಡಿಯೋದನ್ನ ಯಾರೂ ಹೇಳಿಕೊಡಬೇಕಿರಲಿಲ್ಲ. ನಮ್ಮಪ್ಪನೂ ಬಡಗಿ. ಸಿನಿಮಾ ನೋಡಿ ಬಂದು, ಇವನು ನಮ್ಮವನು ಅಂದಿದ್ದರು" ಅಂದರು ಅಜ್ಜಿ.

ನಾನು ಸುಮ್ನೆ ಇರಬಹುದಿತ್ತು. ಯೂಟ್ಯೂಬಿನಲ್ಲಿ ಅದೇ ಕಾಲದ ಇನ್ನೊಬ್ಬ ಗಾಯಕ-ನಟ ಹೋರ್ಹೆ ನೆಗ್ರೆತೆಯ ಹಾಡು ಕೇಳಿದ್ದೆ. ಒಪೆರಾ ಕಲಿತ ಗಂಟಲು. "ಕಂಠ ಅಂದರೆ ನೆಗ್ರೆತೆಯದಲ್ವಾ?" ಅಂದುಬಿಟ್ಟೆ. ಅಜ್ಜಿ ತಮಾಲೆಯ ಬುಟ್ಟಿಗೆ ಬಟ್ಟೆ ಮುಚ್ಚಿದರು!

"ಅವನು ಇಲ್ಲೇ ಇದ್ದಾನೆ, ಹೋಗಿ ನೋಡು" ಅಂದರು. ನೆಗ್ರೆತೆಯ ಸಮಾಧಿ ಅದೇ ಸ್ಮಶಾನದ್ದು. "ಅವನು ಕುದುರೆ ಮೇಲೆ ಕೂತು ಹಾಡ್ತಾನೆ, ನಾವು ಕತ್ತೆತ್ತಿ ಕೇಳಬೇಕು. ಪೆದ್ರೋ ನಮ್ಮ ಅಡುಗೆಮನೇಲಿ ಕೂತು ಹಾಡ್ತಾನೆ."

ಅಡುಗೆಮನೆಯ ಮಾತು ಸುಳ್ಳಲ್ಲ. ಅಕ್ಕನ ಮಗಳ ಮನೆಯ ಕೆಳಗೆ ಯಾರದ್ದಾದರೂ ಹುಟ್ಟುಹಬ್ಬ ಅಂದರೆ ಬೆಳಗ್ಗೆಯೇ ಅವನ 'ಲಾಸ್ ಮಾನ್ಯಾನಿತಾಸ್' ಹಾಡು ಹಾಕುತ್ತಾರಂತೆ.

ಸಾವಿನ ಮಾತನ್ನು ಅಜ್ಜಿಯೇ ಎತ್ತಿದರು. ಪೆದ್ರೋಗೆ ವಿಮಾನ ಹಾರಿಸುವ ಹುಚ್ಚು. 1949ರಲ್ಲೇ ಒಂದು ಅಪಘಾತವಾಗಿ ತಲೆಬುರುಡೆಗೆ ಲೋಹದ ತಗಡು ಹಾಕಿದ್ದರು. ಆದರೂ ಬಿಡಲಿಲ್ಲ. ಮೆರಿದಾ ಊರಿನಿಂದ ಅವನು ಹೊರಟ ಸರಕು ವಿಮಾನ ಮೇಲೇರಿದ ಸ್ವಲ್ಪ ಹೊತ್ತಿಗೆ ಊರೊಳಗೇ ಬಿತ್ತು. ಅವನಿಗೆ 39 ವರ್ಷ. ಎರಡು ತಿಂಗಳ ಮೇಲೆ ಬರ್ಲಿನ್ ಚಿತ್ರೋತ್ಸವದಲ್ಲಿ 'ತಿಸೋಕ್' ಚಿತ್ರಕ್ಕೆ ಅತ್ಯುತ್ತಮ ನಟ ಪ್ರಶಸ್ತಿ ಬಂತು. (ಆ ಸಿನಿಮಾ ಆಮೇಲೆ ನೋಡಿದೆ. ಮುಗ್ಧನಾಗಲು ಹೋಗಿ ಪೆದ್ದನ ಹಾಗೆ ಕಾಣುತ್ತಾನೆ. ಬಡಗಿಯೇ ವಾಸಿ.)

ಪೆದ್ರೋ, ಹೋರ್ಹೆ ಇಬ್ಬರೂ ನಾಯಕರಾಗಿ ಜೊತೆಗೆ ನಟಿಸಿದ್ದು 1953ರ 'ದೋಸ್ ತಿಪೋಸ್ ದೆ ಕ್ವಿದಾದೋ' ಒಂದರಲ್ಲೇ. ಅದೇ ಡಿಸೆಂಬರಿನಲ್ಲಿ ನೆಗ್ರೆತೆ ತೀರಿಕೊಂಡ. ಅದರಲ್ಲಿ ಇಬ್ಬರೂ ಜನರೆದುರೇ ಹಾಡಿನಲ್ಲಿ ಒಬ್ಬರನ್ನೊಬ್ಬರು ಹೀಯಾಳಿಸುವ ದೃಶ್ಯವಿದೆ. "ಅದರಲ್ಲಿ ಗೆದ್ದವರು ಯಾರು?" ಅಂತ ಕೇಳಿದೆ.

ಅಜ್ಜಿ ಎದ್ದು ನಿಂತು ಎರಡೂ ಕಡೆಯ ಸಾಲುಗಳನ್ನು ಹಾಡತೊಡಗಿದರು. ಹೋರ್ಹೆಯ ಸರದಿ ಬಂದಾಗ ಮೂಗಿನಲ್ಲಿ, ಪೆದ್ರೋನ ಸರದಿ ಬಂದಾಗ ಎದೆಯುಬ್ಬಿಸಿ. ಪಕ್ಕದ ಗುಂಪಿನ ಮುದುಕರೊಬ್ಬರು ಇದನ್ನು ಕೇಳಿ ಸಿಟ್ಟಾಗಿ ಬಂದು, ಹೋರ್ಹೆಯ ಸಾಲುಗಳನ್ನು ತಾವು ಹಾಡಲು ನಿಂತರು.