ದೊಡ್ಡಮ್ಮನ ಶೇಡ್, ನನ್ನ ಶೇಡ್

ಸೀರೆ ಅಂಗಡಿಗಳ ಕ್ಯಾಟಲಾಗ್‌ಗೆ ಮಾಡೆಲ್ ಆಗಿದ್ದಾಗ ನನ್ನ ಮುಖಕ್ಕೆ ಯಾವಾಗಲೂ ನನ್ನ ಬಣ್ಣಕ್ಕಿಂತ ಎರಡು ಶೇಡ್ ತಿಳಿಯಾದ ಫೌಂಡೇಶನ್, ಅಂದರೆ ಮುಖಕ್ಕೆಲ್ಲ ಹಚ್ಚುವ ಚರ್ಮದ ಬಣ್ಣದ ಕ್ರೀಮ್, ಬೀಳುತ್ತಿತ್ತು. ಫೋಟೋದಲ್ಲಿ ಮುಖ ಬೂದಿ ಬಳಿದ ಹಾಗೆ, ಕುತ್ತಿಗೆ ಬೇರೆ ಯಾರದೋ. ಆದರೆ ಮಾಡೆಲ್ ಅಂದರೆ ಸುಮ್ನೆ ಕೂರಬೇಕು, ಅಲ್ವಾ? ಕೂತಲ್ಲೇ ನೋಡಿ ನೋಡಿ ಒಂದಿಷ್ಟು ಕಲಿತೆ. ನಮ್ಮಂಥ ಕಂದು ಚರ್ಮದಲ್ಲಿ ಕಣ್ಣ ಕೆಳಗಿನ ಕಪ್ಪಿಗೆ ನೇರವಾಗಿ ಕಲೆ ಮುಚ್ಚುವ ಕನ್ಸೀಲರ್ ಹಚ್ಚಿದರೆ ಬೂದು ಬಣ್ಣ ಬರುತ್ತದೆ. ಮೊದಲು ಆ ಕಪ್ಪನ್ನು ತಗ್ಗಿಸುವ ಕಿತ್ತಳೆ ಬಣ್ಣದ ಕ್ರೀಮ್, ಕರೆಕ್ಟರ್, ತೆಳ್ಳಗೆ ಹಚ್ಚಬೇಕು. ಸನ್‌ಸ್ಕ್ರೀನ್‌ನಲ್ಲಿ ಟೈಟಾನಿಯಂ ಡೈಆಕ್ಸೈಡ್ ಅನ್ನೋ ಬಿಳಿ ಪುಡಿ ಇದ್ದರೆ ಫ್ಲ್ಯಾಶ್ ಬಿದ್ದಾಗ ಮುಖ ಬೆಳ್ಳಗೆ ಹೊಡೆಯಬಹುದು.

ಆಗ ನನಗೆ ಮೇಕಪ್ ಮಾಡುತ್ತಿದ್ದವರು ಗಂಡಸರೇ ಜಾಸ್ತಿ. ಹೆಂಗಸರು ಇದ್ದರೆ ಕೂದಲಿಗೆ. ಮುಂಬೈ ಸಿನಿಮಾ ಮೇಕಪ್‌ನವರ ಸಂಘವಂತೂ ಹೆಂಗಸರಿಗೆ ಮೇಕಪ್ ಕೆಲಸಕ್ಕೆ ಬೇಕಾದ ಸದಸ್ಯತ್ವದ ಕಾರ್ಡನ್ನೇ ಕೊಡುತ್ತಿರಲಿಲ್ಲ. 2014ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಅದು ನಡೆಯಲ್ಲ ಅಂದಿತು. ಮಾಡೆಲಿಂಗ್ ಕೆಲಸ ಕಡಿಮೆಯಾದ ಮೇಲೆ ನಾನೂ ಕೋರ್ಸ್ ಮುಗಿಸಿ ಬ್ರಶ್ ಹಿಡಿದೆ.

ಒಮ್ಮೆ ಮೈಸೂರಿನ ಛತ್ರವೊಂದರಲ್ಲಿ ಮದುವೆ. ಮುಹೂರ್ತ ಬೆಳಿಗ್ಗೆ ಆರೂವರೆಗೆ, ಅಂದರೆ ನಮ್ಮ ಕೆಲಸ ಮೂರಕ್ಕೇ ಶುರು. ವಧುವಿನ ಕೋಣೆಯಲ್ಲಿ ಒಂದೇ ಟ್ಯೂಬ್‌ಲೈಟ್. ನಾನು ಲೈಟ್ ಜೋಡಿಸುವಷ್ಟರಲ್ಲಿ ಹುಡುಗಿಯ ದೊಡ್ಡಮ್ಮ ಬಂದರು. "ನೋಡಮ್ಮ, ಸ್ವಲ್ಪ ಬೆಳ್ಳಗೆ ಕಾಣೋ ಹಾಗೆ ಮಾಡು. ಫೋಟೋಲಿ ಚೆನ್ನಾಗಿ ಬರಬೇಕು."

ಹುಡುಗಿ ನನ್ನ ಬಣ್ಣದವಳೇ. ಅದರ ಮೇಲೆ ಹಿಂದಿನ ದಿನದ ಅರಿಶಿನ ಶಾಸ್ತ್ರ. ಕೆನ್ನೆಯಲ್ಲಿ ಹಳದಿ ಇನ್ನೂ ನಿಂತಿತ್ತು. ಕ್ಲೆನ್ಸಿಂಗ್ ಆಯಿಲ್ ಹಚ್ಚಿ ಹತ್ತಿಯಲ್ಲಿ ಒರೆಸಿದೆ. ಎಷ್ಟು ಒರೆಸಿದರೂ ಅದು ಪೂರ್ತಿ ಹೋಗುವುದಿಲ್ಲ. ಆ ಕೆನ್ನೆ ನೋಡಿ ಶೇಡ್ ಆರಿಸಿದರೆ ಕೆಟ್ಟಿತು. ಅರಿಶಿನ ತಾಗದ ಕಡೆ, ಕುತ್ತಿಗೆಯ ಕೆಳಗೆ ಹಚ್ಚಿ ನೋಡಿ ಆರಿಸಿದೆ.

ದೊಡ್ಡಮ್ಮ ಹಿಂದೆಯೇ ನಿಂತಿದ್ದರು. ಛತ್ರದಲ್ಲಿ ಹೆಣ್ಣಿನ ಕಡೆಯವರ ಜೊತೆ ವಾದ ಮಾಡಬಾರದು, ಗೆದ್ದರೂ ನಷ್ಟ. ಒಂದು ಕೆನ್ನೆಗೆ ಅವರು ಕೇಳಿದ ಶೇಡ್ ಹಚ್ಚಿದೆ, ಇನ್ನೊಂದಕ್ಕೆ ನಾನು ಆರಿಸಿದ್ದು. "ನಿಮ್ಮ ಮೊಬೈಲಲ್ಲೇ ಫ್ಲ್ಯಾಶ್ ಹಾಕಿ ಒಂದು ಫೋಟೋ ತೆಗೀರಿ ಅಮ್ಮಾ" ಅಂದೆ. ತೆಗೆದರು. ಹುಡುಗಿ ಇಣುಕಿ ನೋಡಿ, "ಅಯ್ಯೋ ದೊಡ್ಡಮ್ಮಾ, ಈ ಕಡೆ ಜ್ವರ ಬಂದ ಹಾಗಿದೆ!" ಅಂದಳು. ದೊಡ್ಡಮ್ಮ ಏನೂ ಹೇಳಲಿಲ್ಲ, ಕಾಫಿ ಹೇಳಿ ಬರ್ತೀನಿ ಅಂತ ಹೊರಟರು. ದೊಡ್ಡಮ್ಮನ ಶೇಡ್ ಇದ್ದ ಕೆನ್ನೆ ಒರೆಸಿ ಕೆಲಸ ಮುಂದುವರಿಸಿದೆ.

ಶೂಟಿಂಗ್‌ನಲ್ಲಿ ಮುಖ ಕೆಟ್ಟರೆ ನಿಲ್ಲಿಸಿ ಸರಿಮಾಡಬಹುದು. ಇಲ್ಲಿ ಹೋಮದ ಹೊಗೆಗೆ ಕಣ್ಣಲ್ಲಿ ನೀರು ಬರುತ್ತದೆ, ಧಾರೆ ಹೊತ್ತಿಗೆ ಅಳುವೂ ಬರುತ್ತದೆ. ಮಸ್ಕರಾ ವಾಟರ್‌ಪ್ರೂಫ್ ಆಗಿರಲೇಬೇಕು. ಬಾಸಿಂಗ ಕಟ್ಟುವ ಹಣೆಗೆ ಫೌಂಡೇಶನ್ ತೆಳ್ಳಗೆ ಸಾಕು, ದಪ್ಪ ಆದರೆ ಉಜ್ಜಿ ಗೆರೆ ಬೀಳುತ್ತದೆ.

ಐದೂವರೆಯಾದರೂ ಮೊಗ್ಗಿನ ಜಡೆ ಬರಲಿಲ್ಲ. ಮನೆಯವರೆಲ್ಲ ಹೂವಿನವನಿಗೆ ಫೋನ್ ಮಾಡುವುದರಲ್ಲೇ ಬಿದ್ದರು. ಬಣ್ಣದ ಮಾತನ್ನು ಆಮೇಲೆ ಯಾರೂ ಎತ್ತಲಿಲ್ಲ.