ಸಾಯೋ ಕ್ಯಾಪ್ಟನ್

ಈ ವಾರ ಮನೆಯಲ್ಲಿ ‘ಎ ಪ್ಯಾಸೇಜ್ ಟು ಇಂಡಿಯಾ’ ನೋಡುತ್ತಾ ಕೂತಿದ್ದೆವು. ಡೇವಿಡ್ ಲೀನ್ 1984ರಲ್ಲಿ ತೆಗೆದದ್ದು. ಶೂಟಿಂಗ್ ಬೆಂಗಳೂರು, ಸಾವನದುರ್ಗದ ಕಡೆಯೆಲ್ಲ ಆಗಿದ್ದರಿಂದ ನಮ್ಮ ಭಾವನಿಗೆ ಬಂಡೆ ಕಂಡರೆ ಸಾಕು, ‘ನೋಡ್ರಪ್ಪಾ, ನಮ್ಮ ಬೆಟ್ಟ’ ಅಂತ ಶುರು. ಪಕ್ಕದವರಿಗೆ ಕಥೆ ನೋಡಲು ಬಿಡುವವರೇ ಅಲ್ಲ.

ಕೋರ್ಟ್ ಸೀನ್ ಬಂತು. ಇಂಗ್ಲಿಷ್ ಹುಡುಗಿಯ ಮೇಲೆ ಕೈಮಾಡಿದ ಆರೋಪ ಹೊತ್ತ ಡಾಕ್ಟರ್ ಅಜೀಜ್ ವಿರುದ್ಧ ವಾದಿಸಲು ಪೊಲೀಸ್ ಅಧಿಕಾರಿ ಮೆಕ್‌ಬ್ರೈಡ್ ಎದ್ದು ನಿಂತ. ಕಪ್ಪು ಜನಕ್ಕೆ ಬಿಳಿಯರ ಮೇಲೆ ಆಸೆ, ಬಿಳಿಯರಿಗೆ ಹಾಗಿಲ್ಲ ಅನ್ನುತ್ತಾನೆ. ಕೂಗಾಟ ಇಲ್ಲ, ಹಲ್ಲು ಕಡಿಯೋದಿಲ್ಲ. ರೈಲಿನ ವೇಳಾಪಟ್ಟಿ ಓದಿದ ಹಾಗೆ. ಅಷ್ಟರಲ್ಲಿ ಅಕ್ಕನ ಮಗ ಮೊಬೈಲಿನಿಂದ ತಲೆಯೆತ್ತಿ, ‘ಮಾಮ, ಇವ್ನು ಸಾಯೋ ಕ್ಯಾಪ್ಟನ್ ಅಲ್ವಾ?’ ಅಂದ.

ಹೌದಲ್ಲ! ಮೈಕೆಲ್ ಕಲ್ವರ್. 1980ರ ‘ಸ್ಟಾರ್ ವಾರ್ಸ್’ ಸಿನಿಮಾ ‘ದಿ ಎಂಪೈರ್ ಸ್ಟ್ರೈಕ್ಸ್ ಬ್ಯಾಕ್’ನ ಕ್ಯಾಪ್ಟನ್ ನೀಡಾ. ಬೆನ್ನಟ್ಟಿದ್ದ ಬಾಹ್ಯಾಕಾಶ ಹಡಗು ಕಣ್ಮರೆಯಾಗುತ್ತದೆ. ಅದು ತನ್ನ ಹಡಗಿನ ಬೆನ್ನಿಗೇ ಅಂಟಿ ಕೂತಿದೆ ಅಂತ ಪಾಪ ಅವನಿಗೆ ಗೊತ್ತಿಲ್ಲ. ಹೊಣೆ ನನ್ನದು, ನಾನೇ ಹೋಗಿ ಮೇಲಧಿಕಾರಿ ವೇಡರ್ ಹತ್ತಿರ ಕ್ಷಮೆ ಕೇಳುತ್ತೇನೆ ಅಂತ ಹೊರಡುತ್ತಾನೆ. ಮತ್ತೆ ಕಾಣುವಾಗ ಕತ್ತು ಹಿಡಿದುಕೊಂಡು ನೆಲಕ್ಕೆ ಬೀಳುತ್ತಿರುತ್ತಾನೆ. ಕ್ಷಮೆ ಸಿಗುವುದು ಹೆಣಕ್ಕೆ.

ರಾತ್ರಿ ಅದನ್ನೇ ಮತ್ತೆ ಮತ್ತೆ ಹಾಕಿಕೊಂಡು ನೋಡಿದೆ. ಬೀಳುವುದನ್ನಲ್ಲ, ಹೊರಡುವುದನ್ನು. ಸಾಯಲು ಹೋಗುತ್ತಿರುವವನು ಕೈಕೆಳಗಿನವರಿಗೆ, ಅಲ್ಲಿವರೆಗೂ ಹುಡುಕುತ್ತಿರಿ ಅಂತ ಹೇಳಿ ಹೋಗುತ್ತಾನೆ! ಬಾಕಿ ಕೆಲಸದ ಚಿಂತೆ. ದನಿ ನಡುಗುವುದಿಲ್ಲ. ‘ತಾನೇ ಹೋಗಿ ಸಾರಿ ಕೇಳಿದ್ರೂ ಯಾಕ್ ಸಾಯಿಸ್ತಾರೆ?’ ಅಂತ ಹುಡುಗ ಕೇಳಿದ್ದ. ಭಾವ, ‘ಸಿನಿಮಾ ಕಣೋ ಅದು’ ಅಂದುಬಿಟ್ಟರು. ಅವರೂ ಮ್ಯಾನೇಜರೇ, ಇನ್ನೇನು ಹೇಳುತ್ತಾರೆ? ಹೊಣೆ ನನ್ನದು ಅಂತ ಎದ್ದು ಹೋದ ಅಧಿಕಾರಿಯನ್ನು ನಾನಂತೂ ಕೆಲಸದ ಜಾಗದಲ್ಲಿ ಕಂಡಿಲ್ಲ. ಕಿರಿಯರ ಹೆಸರು ಬರೆದು ಮೇಲ್ ಕಳಿಸುವವರೇ ಜಾಸ್ತಿ.

ಕಲ್ವರ್ ಅಪ್ಪ ರೋಲಂಡ್ ಕೂಡ ನಟ. ಮಗನಿಗೆ ಬಿಬಿಸಿಯ ‘ಸೀಕ್ರೆಟ್ ಆರ್ಮಿ’ ಧಾರಾವಾಹಿಯಲ್ಲಿ ಜರ್ಮನ್ ಮೇಜರ್ ಬ್ರಾಂಟ್‌ನ ಪಾತ್ರ, ‘ಕ್ಯಾಡ್‌ಫೆಲ್’ನಲ್ಲಿ ಮಠದ ಬಿಗುಮಾನದ ಪ್ರಯರ್, ಅಂದರೆ ಉಪಮುಖ್ಯಸ್ಥ. ಬಟ್ಟೆ ಬೇರೆ, ಬೆನ್ನು ಮಾತ್ರ ಅದೇ ನೆಟ್ಟಗೆ. ಸಾಮ್ರಾಜ್ಯ ಯಾವುದಾದರೇನು, ಅದರ ಅಪ್ಪಣೆ ಪಾಲಿಸುವವನ ಮುಖ ಬೇಕಾದಾಗ ಇವರು ಸಿಗುತ್ತಿದ್ದರು.

ಅಂಥವರು 2000ದ ನಂತರ ನಟನೆಯನ್ನು ಹೆಚ್ಚುಕಡಿಮೆ ಬಿಟ್ಟು ಹೋರಾಟಕ್ಕೆ ಇಳಿದರು. ಲಂಡನ್ನಿನ ಪಾರ್ಲಿಮೆಂಟ್ ಎದುರು ವರ್ಷಗಟ್ಟಲೆ ಠಿಕಾಣಿ ಹೂಡಿದ್ದ ಬ್ರಯಾನ್ ಹಾ ಎಂಬವರ ಜೊತೆ ಯುದ್ಧದ ವಿರುದ್ಧ ನಿಂತರು. 2024ರಲ್ಲಿ, 85ನೇ ವಯಸ್ಸಿನಲ್ಲಿ ತೀರಿಕೊಂಡರು. ಹೇಳಿದಂತೆ ಕೇಳುವವರ ಪಾತ್ರ ಮಾಡಿ ಮಾಡಿ ಸಾಕಾಗಿತ್ತೋ ಏನೋ. ಇಲ್ಲಾ, ಅದಕ್ಕೂ ಇದಕ್ಕೂ ಸಂಬಂಧವೇ ಇಲ್ಲ, ನಟನೆ ಅವರ ಹೊಟ್ಟೆಪಾಡು, ಅಷ್ಟೇ. ಎರಡನೆಯದೇ ನಿಜ ಇರಬೇಕು. ನನಗಿಷ್ಟವಾಗೋದು ಮಾತ್ರ ಮೊದಲನೆಯದು.